ಹಂಡೆ ನೀರು, ಮೊಣಕೈ ಅಳತೆ

ದಾವಣಗೆರೆಯಲ್ಲಿ ಬೋರ್‌ವೆಲ್ ನೀರು ಕಾಯಿಸುವ ಮನೆಯ ಹಂಡೆಯೊಳಗೆ ಒಮ್ಮೆ ಇಣುಕಿದರೆ ಆ ನೀರಿನ ಜಾತಕ ಗೊತ್ತಾಗುತ್ತದೆ. ಒಳಗೋಡೆಗೆ ಬಿಳಿಯ ಪೊರೆ ಗಟ್ಟಿಯಾಗಿ ಕೂತಿರುತ್ತದೆ. ಚಮಚದಿಂದ ಕೆರೆದರೆ ಚಕ್ಕೆಯಾಗಿ ಏಳುತ್ತದೆ. ಪಿಯು ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸುವ ನಾನು ಗಡಸು ನೀರಿನ ಪಾಠ ಮಾಡುವಾಗ ಅವ್ವನ ಮನೆಯ ಹಂಡೆಯಿಂದಲೇ ಒಂದು ಚಕ್ಕೆ ಒಯ್ದು, ಅದರ ಮೇಲೆ ನಿಂಬೆರಸ ಹಿಂಡಿ, ಗುಳ್ಳೆ ಏಳುವುದನ್ನು ವಿದ್ಯಾರ್ಥಿಗಳಿಗೆ ತೋರಿಸುತ್ತೇನೆ. ನಿಟುವಳ್ಳಿಯ ಆ ಮನೆಗೇ ನಾನು ಚೊಚ್ಚಲ ಬಾಣಂತನಕ್ಕೆ ಬಂದೆ. ಹಾಗಾಗಿ ಮಗಳ ಮೈ ಕೆಂಪಾದಾಗ ನನ್ನ ಅನುಮಾನ ಮೊದಲು ಹೋದದ್ದು ನೀರಿನ ಮೇಲೆ. ಅವ್ವನದು ನಾನು ತಿಂದ ಬದನೆಕಾಯಿ ಪಲ್ಯದ ಮೇಲೆ. ಅತ್ತೆಯವರದು ದೃಷ್ಟಿಯ ಮೇಲೆ.

ಅದಕ್ಕೂ ಮುಂಚೆ ಆಸ್ಪತ್ರೆಯಲ್ಲೇ ಒಂದು ತಕರಾರು ಆಗಿಹೋಗಿತ್ತು. ಹುಟ್ಟಿದ ದಿನ ಕೂಸಿಗೆ ಸ್ನಾನ ಮಾಡಿಸಲಿಲ್ಲ ಎಂದು ಅವ್ವನಿಗೆ ಸಿಟ್ಟು. ಮಗಳ ಬೆನ್ನು, ತೊಡೆಸಂದಿಗಳಲ್ಲಿ ಬೆಣ್ಣೆಯ ಬಣ್ಣದ ಜಿಡ್ಡು ಹಾಗೆಯೇ ಇತ್ತು. ನರ್ಸ್ ನಗುತ್ತಾ, ‘ಅದು ಕೊಳೆಯಲ್ಲಮ್ಮ, ದೇವರೇ ಹಚ್ಚಿ ಕಳಿಸಿದ ಮುಲಾಮು’ ಎಂದರು. ವಿಶ್ವ ಆರೋಗ್ಯ ಸಂಸ್ಥೆಯ ಸಲಹೆಯೂ ಅದೇ: ಮೊದಲ ಸ್ನಾನಕ್ಕೆ ಕನಿಷ್ಠ 24 ಗಂಟೆ ಕಾಯಬೇಕು. ಆ ಜಿಡ್ಡು ಚರ್ಮ ಒಣಗದಂತೆ ಕಾಯುತ್ತದೆ. ಮೈಯ ಶಾಖ ಇಳಿಯದಂತೆಯೂ ಆಗುತ್ತದೆ. ಎರಡನೆಯ ದಿನ ಎದೆಯ ಮೇಲೆ ಕೆಂಪು ಚುಕ್ಕೆಗಳೆದ್ದು, ಒಂದೊಂದರ ನಡುವೆ ಸಾಸಿವೆಗಿಂತ ಚಿಕ್ಕ ಹಳದಿ ತಲೆ ಕಂಡಾಗ ನಾನೂ ಹೆದರಿದೆ. ದಿನ ತುಂಬಿ ಹುಟ್ಟಿದ ಎಷ್ಟೋ ಕೂಸುಗಳಿಗೆ ಅದು ಬರುತ್ತದಂತೆ, ಏನೂ ಮಾಡದಿದ್ದರೂ ಹೋಗುತ್ತದಂತೆ. ಹೋಯಿತು. ಹೊಕ್ಕುಳ ಬಳ್ಳಿ ಉದುರುವವರೆಗೆ ಬೆಚ್ಚನೆಯ ಒದ್ದೆ ಬಟ್ಟೆಯಲ್ಲಿ ಮೈ ಒರೆಸಿದ್ದಷ್ಟೇ. ಬಳ್ಳಿಗೆ ಎಣ್ಣೆ, ಅರಿಶಿನ ಯಾವುದನ್ನೂ ಮುಟ್ಟಿಸದೆ ಒಣಗಲು ಬಿಟ್ಟೆವು.

ಆ ಜಾಗ ಪೂರ್ತಿ ಒಣಗಿದ ಮೇಲೆ ಎರೆಯುವ ಅಜ್ಜಿ ಬಂದರು. ಹದಡಿ ಕಡೆಯವರು. ನಮ್ಮ ಓಣಿಯ ಅರ್ಧ ಮಕ್ಕಳು ಅವರ ಕಾಲಮೇಲೆ ಮಲಗಿ ಎರೆಸಿಕೊಂಡವರೇ, ನಾನೂ ಸೇರಿ. ಅವರು ಎರೆಯುವುದನ್ನು ಬಚ್ಚಲ ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಕೂತು ನೋಡಿದೆ. ಹೊಟ್ಟೆಯ ಹೊಲಿಗೆಯಿಂದಾಗಿ ನೆಲಕ್ಕೆ ಕೂರುವಂತಿರಲಿಲ್ಲ.

ಅಜ್ಜಿ ಸೀರೆಯನ್ನು ಮೊಣಕಾಲ ಮೇಲಕ್ಕೆ ಸೆಕ್ಕಿಕೊಂಡು, ಗೋಡೆಗೆ ಬೆನ್ನು ಕೊಟ್ಟು ಮಣೆಯ ಮೇಲೆ ಕೂತು, ಎರಡೂ ಕಾಲುಗಳನ್ನು ನೀಳವಾಗಿ ಚಾಚುತ್ತಿದ್ದರು. ಕಣಕಾಲುಗಳ ನಡುವಿನ ಸಂದಿಯಲ್ಲಿ ಕೂಸಿಗೆ ಬೇಕಾದಷ್ಟೇ ಜಾಗ. ತಲೆ ಪಾದಗಳ ಕಡೆ, ಕಾಲು ಅವರ ಹೊಟ್ಟೆಯ ಕಡೆ. ಬೋರಲು ಮಲಗಿಸಿದಾಗ ಕೆನ್ನೆ ಒಂದು ಬದಿಗೆ ವಾಲಿರುತ್ತಿತ್ತು. ಮೂಗು, ಬಾಯಿ ಎಂದೂ ಮುಚ್ಚುತ್ತಿರಲಿಲ್ಲ. ತಲೆಗೆ ನೀರು ಹಾಕುವಾಗ ಎಡ ಅಂಗೈಯನ್ನು ಹಣೆಗೆ ಅಡ್ಡ ಹಿಡಿದರೆ ನೀರು ಕಿವಿಯ ಹಿಂದಿನಿಂದ ಹರಿದು ಹೋಗುತ್ತಿತ್ತೇ ಹೊರತು ಕಣ್ಣಿಗೆ ಒಂದು ಹನಿಯೂ ಇಳಿಯುತ್ತಿರಲಿಲ್ಲ. ಮಗುಚಿ ಹಾಕುವಾಗ ಒಂದು ಕೈ ಕತ್ತಿನ ಕೆಳಗೆ, ಇನ್ನೊಂದು ಕೈ ಕುಂಡಿಯ ಕೆಳಗೆ. ಒರಳು ತಿರುಗುವಷ್ಟು ಸಲೀಸಾಗಿ ಕೂಸು ತಿರುಗುತ್ತಿತ್ತು. ಬಾತ್ ಟಬ್ಬಿನಲ್ಲಿ ಜಾರುವ ಮಗುವನ್ನು ಹಿಡಿದು ಒದ್ದಾಡುವ ವಿಡಿಯೋಗಳನ್ನು ಮೊಬೈಲಿನಲ್ಲಿ ನೋಡಿದ್ದ ನನಗೆ ಈ ಭದ್ರತೆಯ ಮುಂದೆ ಅವು ಆಟದಂತೆ ಕಂಡವು.

ಆದರೆ ಅದೇ ಬಚ್ಚಲಿನಲ್ಲಿ ಉಳಿದದ್ದೂ ನಡೆಯುತ್ತಿತ್ತು. ಹಬೆಯಾಡುವ ನೀರು ತಂಬಿಗೆಯ ಮೇಲೆ ತಂಬಿಗೆ. ಅರಿಶಿನ ಕಲೆಸಿದ ಕಡಲೆಹಿಟ್ಟಿನಿಂದ ಮೈಯೆಲ್ಲ ಉಜ್ಜುವುದು. ಬೆನ್ನಿನ, ಭುಜದ ನವಿರು ಕೂದಲು ಹೋಗಲೆಂದು ಹಿಟ್ಟಿನ ಉಂಡೆಯನ್ನು ಹೊರಳಿಸುವುದು. ತಲೆಗೆ ಸೀಗೆಪುಡಿ. ಮೂಗಿಗೆ, ಕಿವಿಗೆ ಎರಡೆರಡು ಹನಿ ಎಣ್ಣೆ. ಎದೆಯ ತೊಟ್ಟು ಒತ್ತಿ ‘ಹಾಲು’ ತೆಗೆಯುವುದು. ಕೊನೆಗೆ ಸಾಂಬ್ರಾಣಿ ಹೊಗೆ, ಅದರ ಮೇಲೆ ಪೌಡರ್, ಅದರ ಮೇಲೆ ಉಲ್ಲನ್ ಕುಲಾವಿ. ಹೊರಗೆ ಮಾರ್ಚ್ ತಿಂಗಳ ದಾವಣಗೆರೆ.

ಎರೆದ ಮೇಲೆ ಮಗಳು ಗಡದ್ದಾಗಿ ನಿದ್ದೆ ಮಾಡುತ್ತಿದ್ದಳು. ‘ಬಿಸಿ ನೀರು ಬಿದ್ದರೇನೇ ಕೂಸಿನ ಮೈ ಹಗುರಾಗುವುದು’ ಎಂದು ಅವ್ವ ಪ್ರತಿದಿನವೂ ಅದನ್ನು ಸಾಕ್ಷಿಯಾಗಿ ಒಡ್ಡುತ್ತಿದ್ದಳು. ಅಷ್ಟರಲ್ಲಿ ಕಣಕಾಲಿನ ಮುಂಭಾಗ, ತೋಳಿನ ಹೊರಮೈ ಕೆಂಪಾಗಿ, ಕೈಯಾಡಿಸಿದರೆ ರವೆ ಮುಟ್ಟಿದಷ್ಟು ಒರಟಾಯಿತು. ಕೆನ್ನೆಗಳು ಒಣಗಿ ಬಿರಿದವು. ಕುತ್ತಿಗೆಯ ಮಡಿಕೆ ಮಾತ್ರ ಒಣಗದೆ, ಹಸಿಯಾಗಿ, ಕೆಂಪಾಗಿ ಹುಳಿವಾಸನೆ ಹೊಡೆಯತೊಡಗಿತು. ಒಂದೇ ಮೈಯಲ್ಲಿ ಒಂದು ಕಡೆ ಬರ, ಇನ್ನೊಂದು ಕಡೆ ನೆರೆ.

ಮಕ್ಕಳ ಡಾಕ್ಟರ್ ಮಗಳ ಗದ್ದವನ್ನು ಎರಡು ಬೆರಳಿನಿಂದ ಎತ್ತಿ ಮಡಿಕೆಯನ್ನು ಬಿಡಿಸಿದರು. ಒಳಗೆ ಒಡೆದ ಹಾಲು, ಹಳದಿ ಹಿಟ್ಟು, ಪೌಡರು ಮೂರೂ ಸೇರಿ ದಾರದಂತೆ ಕೂತಿದ್ದವು. ಹತ್ತಿಯನ್ನು ನೀರಿನಲ್ಲಿ ಅದ್ದಿ ಅವರೇ ತೆಗೆದು ನನ್ನ ಮುಂದೆ ಹಿಡಿದರು. ಬದನೆಕಾಯಿಯ ಮಾತು ಬಂದಾಗ, ‘ಬದನೆಕಾಯಿ ತಿನ್ನಿ, ಪರವಾಗಿಲ್ಲ, ನೀರು ಎಷ್ಟು ಬಿಸಿ, ಎಷ್ಟು ಹೊತ್ತು, ಏನು ಹಚ್ಚಿ ಉಜ್ಜುತ್ತೀರಿ, ಅದನ್ನು ಹೇಳಿ’ ಎಂದರು. ಅವ್ವ ಹೆಮ್ಮೆಯಿಂದ ಎಲ್ಲವನ್ನೂ ಒಪ್ಪಿಸಿದಳು. ಡಾಕ್ಟರ್ ಬೈಯಲಿಲ್ಲ. ಕೂಸಿನ ಚರ್ಮದ ಮೇಲ್ಪದರ ನಮ್ಮದಕ್ಕಿಂತ ತೆಳು, ತೇವವನ್ನು ಬೇಗ ಕಳೆದುಕೊಳ್ಳುತ್ತದೆ. ಬಿಸಿ ನೀರು ಇದ್ದ ಜಿಡ್ಡನ್ನೂ ತೊಳೆದು ಹಾಕುತ್ತದೆ, ಹಿಟ್ಟು ಚರ್ಮವನ್ನೇ ತರಚುತ್ತದೆ ಎಂದರು. ನೀರು ಮೈಶಾಖದಷ್ಟೇ, 37ರಿಂದ 38 ಡಿಗ್ರಿ. ಸ್ನಾನ ಐದು ನಿಮಿಷ, ಹೆಚ್ಚೆಂದರೆ ಹತ್ತು. ದಿನಾ ಎರೆಯಲೇಬೇಕೆಂಬ ಕಟ್ಟಳೆಯಿಲ್ಲ, ವಾರಕ್ಕೆ ಎರಡು ಮೂರು ಸಲ ಸಾಕು. ಉಳಿದ ದಿನ ಮುಖ, ಕುತ್ತಿಗೆ, ಕಂಕುಳು, ಡೈಪರಿನ ಜಾಗ ಒರೆಸಿದರಾಯಿತು. ಕುತ್ತಿಗೆಗೆ ಕೆಲವು ದಿನಕ್ಕೆಂದು ಒಂದು ಮುಲಾಮು ಬರೆದುಕೊಟ್ಟರು. ಮೈಗೆ ವಾಸನೆಯಿಲ್ಲದ ಸಾದಾ ಮಾಯಿಶ್ಚರೈಸರ್. ಸ್ನಾನವಾಗಿ ಮೈ ಇನ್ನೂ ತುಸು ತೇವವಿರುವಾಗಲೇ ಹಚ್ಚಬೇಕು. ನವಿರು ಕೂದಲಿಗೆ ಏನು ಮಾಡುವುದೆಂದು ಅವ್ವ ಕೇಳಿದ್ದಕ್ಕೆ, ‘ಅದು ತಾನೇ ಉದುರುತ್ತದೆ, ನೀವು ಕೀಳಬೇಕಾಗಿಲ್ಲ’ ಎಂದರು.

ಡಾಕ್ಟರ್ ಮಾತನ್ನು ಮನೆಗೆ ತರುವುದು ಸುಲಭ, ಬಚ್ಚಲಿಗೆ ಇಳಿಸುವುದು ಕಷ್ಟ. ಅಜ್ಜಿಗೆ ನೇರವಾಗಿ ಹೇಳಿದರೆ ಅವರ ಇಷ್ಟು ವರ್ಷದ ಕೈಗುಣಕ್ಕೆ ಕುಂದು ಬಂದಂತೆ. ಕಾಲೇಜಿನ ಪ್ರಯೋಗಾಲಯದ ಸಹಾಯಕರಿಗೆ ಹೇಳಿ ಕೆಂಪು ಸ್ಪಿರಿಟ್ ತುಂಬಿದ ಥರ್ಮಾಮೀಟರ್ ತರಿಸಿದ್ದೆ (ಪಾದರಸದ್ದು ಬೇಡ, ಒಡೆದರೆ ಬಚ್ಚಲಿನಲ್ಲಿ ಅದೊಂದು ಅನಾಹುತ). ಅಜ್ಜಿ ಬೆರಕೆ ಮಾಡಿಟ್ಟ ಬಕೆಟ್ಟಿನಲ್ಲಿ ಅದನ್ನು ಇಳಿಬಿಟ್ಟರೆ 43 ತೋರಿಸಿತು. ‘ನನ್ನವ್ವ, ನನ್ನ ಕೈಗೆ ಇದು ಬೆಚ್ಚಗೂ ಇಲ್ಲ’ ಎಂದರು ಅಜ್ಜಿ. ಸುಳ್ಳೇನಲ್ಲ. ಜೀವಮಾನವಿಡೀ ಹಂಡೆ ನೀರಿನಲ್ಲಿ, ಒಲೆಯ ಮುಂದೆ ಬೆಂದ ಆ ಅಂಗೈಗಳ ಚರ್ಮ ದಪ್ಪಗಾಗಿ, ಬೆರಳ ತುದಿಗಳು ನುಣ್ಣಗೆ ಸವೆದಿದ್ದವು. ‘ಕೈ ಬೇಡ ಅಜ್ಜಿ, ಮೊಣಕೈ ಅದ್ದಿ ನೋಡಿ’ ಎಂದೆ. ಅದ್ದಿದರು. ಏನೂ ಅನ್ನಲಿಲ್ಲ. ಒಂದು ತಂಬಿಗೆ ತಣ್ಣೀರು ಹೊಯ್ದು ಮತ್ತೆ ಅದ್ದಿದರು. ಇನ್ನೊಂದು ತಂಬಿಗೆ. ‘ಹಾಂ’ ಎಂದಾಗ ಥರ್ಮಾಮೀಟರ್ 38ಕ್ಕೆ ಬಂದಿತ್ತು. ಆಮೇಲೆ ಆ ಗಾಜಿನ ಕಡ್ಡಿಯ ಅಗತ್ಯವೇ ಬೀಳಲಿಲ್ಲ. ಅವರ ಮೊಣಕೈ ಅದರಷ್ಟೇ ಕರಾರುವಾಕ್ಕಾಗಿತ್ತು. ಬಕೆಟ್ಟಿಗೆ ಮೊದಲು ತಣ್ಣೀರು, ಆಮೇಲೆ ಬಿಸಿನೀರು ಎಂಬ ಕ್ರಮವನ್ನೂ ಮಾಡಿಕೊಂಡೆವು. 60 ಡಿಗ್ರಿಯ ನೀರು ಚಿಕ್ಕ ಮಕ್ಕಳ ಚರ್ಮವನ್ನು ಸುಡಲು ಕ್ಷಣಮಾತ್ರ ಸಾಕು. ಬರೀ ಬಿಸಿನೀರಿರುವ ಬಕೆಟ್ ನೆಲದ ಮೇಲೆ ಒಂದು ಗಳಿಗೆಯೂ ಇರಬಾರದು.

ಹಿಟ್ಟಿನ ವಿಷಯದಲ್ಲಿ ಚೌಕಾಸಿ ನಡೆಯಿತು. ‘ಹಿಟ್ಟು ಬಿಡುತ್ತೇನೆ, ಎಣ್ಣೆ ಬಿಡುವುದಿಲ್ಲ’ ಎಂದರು ಅಜ್ಜಿ. ಕೊಬ್ಬರಿ ಎಣ್ಣೆಗೆ ಡಾಕ್ಟರ್ ಅಡ್ಡಿ ಹೇಳಿರಲಿಲ್ಲ, ಜೋರಾಗಿ ತಿಕ್ಕಬೇಡಿ ಎಂದಿದ್ದರು ಅಷ್ಟೆ. ಒಪ್ಪಂದವಾಯಿತು. ಆದರೆ ದಿನ ಬಿಟ್ಟು ದಿನ ಎರೆಯುವುದು ಎಂದಾಗ ಅಜ್ಜಿಯ ಮುಖ ಸಣ್ಣದಾಯಿತು. ಎರೆದರೆ ದುಡ್ಡು, ಎರೆಯದ ದಿನ? ನಾನು ಅದನ್ನು ಯೋಚಿಸಿಯೇ ಇದ್ದೆ: ಎರೆಯದ ದಿನವೂ ಬಂದು ಎಣ್ಣೆ ಸವರಿ ಮೈ ಒರೆಸಿ ಹೋಗಬೇಕು, ದುಡ್ಡು ಅಷ್ಟೇ. ಬಾಣಂತನದ ಸುಧಾರಣೆಗಳು ಎರೆಯುವವಳ ಕೂಲಿಯನ್ನು ಕತ್ತರಿಸಿದರೆ ಅವು ಎರಡನೆಯ ದಿನಕ್ಕೇ ಬಿದ್ದುಹೋಗುತ್ತವೆ.

ಎಣ್ಣೆಯದೂ ಒಂದು ಉಪಕಥೆಯಿದೆ. ಅತ್ತೆಯವರ ಊರು ಚಳ್ಳಕೆರೆ. ಎಣ್ಣೆ ಗಿರಣಿಗಳ ಊರಿನವರು ಮೊಮ್ಮಗಳಿಗೆ ಏನು ಕಳಿಸುತ್ತಾರೆ? ಗಾಣದಿಂದ ಆಗತಾನೇ ಇಳಿದ ಶೇಂಗಾ ಎಣ್ಣೆಯ ಡಬ್ಬಿ, ಘಮಘಮ. ಒಣಗಿ ಬಿರಿದ ಚರ್ಮದ ಮೇಲೆ ಆಹಾರದ ಎಣ್ಣೆ ಹಚ್ಚುವುದಕ್ಕೆ ಮುಂಚೆ ಯೋಚಿಸಬೇಕು, ಅದರಲ್ಲೂ ಶೇಂಗಾ ಎಣ್ಣೆಯನ್ನು. ಶೇಂಗಾ ಎಣ್ಣೆ ಬೆರೆತ ಚರ್ಮದ ಮುಲಾಮುಗಳಿಗೂ ಮುಂದೆ ಮಕ್ಕಳಲ್ಲಿ ಕಂಡ ಶೇಂಗಾ ಅಲರ್ಜಿಗೂ ನಂಟಿರುವುದನ್ನು ಇಂಗ್ಲೆಂಡಿನ ಒಂದು ಅಧ್ಯಯನ 2003ರಲ್ಲೇ ಗುರುತಿಸಿದೆ. ಇದನ್ನೆಲ್ಲ ಅತ್ತೆಯವರಿಗೆ ಫೋನಿನಲ್ಲಿ ಬಿಡಿಸಿ ಹೇಳುವ ಗೋಜಿಗೆ ಹೋಗಲಿಲ್ಲ. ಅವರು ಮಗುವನ್ನು ನೋಡಲು ಬಂದ ದಿನ ಅದೇ ಎಣ್ಣೆಯಲ್ಲಿ ಅವ್ವ ಮೆಣಸಿನಕಾಯಿ ಕರಿದು, ಮಂಡಕ್ಕಿಯ ಜೊತೆ ಕೊಟ್ಟಳು. ಎಣ್ಣೆಯನ್ನು ಅವರೇ ಹೊಗಳಿದರು.

ಮೂಗು ಕಿವಿಗೆ ಎಣ್ಣೆ, ಎದೆ ಒತ್ತುವುದು, ಈ ಎರಡರಲ್ಲಿ ನಾನು ಚೌಕಾಸಿಗೆ ಇಳಿಯಲಿಲ್ಲ. ಮೂಗಿಗೆ ಬಿಟ್ಟ ಎಣ್ಣೆ ಶ್ವಾಸಕೋಶಕ್ಕಿಳಿದರೆ ನ್ಯುಮೋನಿಯ ಆಗಬಹುದು. ಎದೆಯ ಗಡ್ಡೆ ತಾಯಿಯ ಹಾರ್ಮೋನಿನಿಂದ ಬಂದದ್ದು, ತಾನಾಗಿಯೇ ಇಳಿಯುತ್ತದೆ. ಒತ್ತಿದರೆ ಕೀವು ಕಟ್ಟಬಹುದು. ಅಜ್ಜಿ ಗೊಣಗಿದರು, ಬಿಟ್ಟರು. ಸಾಂಬ್ರಾಣಿಯ ಧೂಪ ತೊಟ್ಟಿಲ ಕೆಳಗಿನಿಂದ ದೇವರ ಮನೆಗೆ ಹೋಯಿತು.

ಸೋಪಿನ ಬಗ್ಗೆ ಹೇಳದಿದ್ದರೆ ರಸಾಯನಶಾಸ್ತ್ರದವಳ ಮನಸ್ಸು ಕೇಳದು. ನೋಡಲು ಬಂದವರು ಕೊಟ್ಟ ಉಡುಗೊರೆ ಡಬ್ಬಿಗಳಲ್ಲಿದ್ದ, ಮಗುವಿನ ನಗುಮುಖದ ಚಿತ್ರವಿದ್ದ ಸೋಪುಗಳನ್ನೆಲ್ಲ ಸಾಲಾಗಿಟ್ಟು, ಒಂದಿಷ್ಟು ತುರಿದು ನೀರಿನಲ್ಲಿ ಕರಗಿಸಿ ಆಮ್ಲವೋ ಕ್ಷಾರವೋ ಎಂದು ಬಣ್ಣದಲ್ಲಿ ಹೇಳುವ ಪಿಎಚ್ ಕಾಗದ ಅದ್ದಿದೆ (ಏಳು ಅಂದರೆ ತಟಸ್ಥ, ಅದಕ್ಕಿಂತ ಮೇಲೆ ಕ್ಷಾರ, ಕೆಳಗೆ ಆಮ್ಲ). ಸಾಂಪ್ರದಾಯಿಕ ರೀತಿಯಲ್ಲಿ ಕೊಬ್ಬು ಕ್ಷಾರ ಸೇರಿಸಿ ಮಾಡಿದವೆಲ್ಲ ಕಾಗದವನ್ನು ನೀಲಿಗೆ ತಿರುಗಿಸಿದವು, ಒಂಬತ್ತು ಹತ್ತರ ಹತ್ತಿರ. ಹೊರಗಿನ ಚಿತ್ರ ಏನೇ ಇರಲಿ, ಒಳಗಿರುವುದು ಸೋಪೇ. ಹುಟ್ಟಿದಾಗ ತಟಸ್ಥಕ್ಕೆ ಹತ್ತಿರವಿರುವ ಕೂಸಿನ ಚರ್ಮ ಮೊದಲ ಕೆಲವು ವಾರಗಳಲ್ಲಿ ನಿಧಾನವಾಗಿ ಆಮ್ಲೀಯವಾಗುತ್ತಾ ಐದೂವರೆಯ ಆಸುಪಾಸಿಗೆ ಇಳಿಯುತ್ತದೆ. ಚರ್ಮ ತನ್ನ ಬೇಲಿಯನ್ನು ಕಟ್ಟಿಕೊಳ್ಳುವ ಸಮಯ ಅದು. ಆ ಹೊತ್ತಿನಲ್ಲಿ ದಿನವೂ ಕ್ಷಾರ ಬಳಿಯುವುದು ಯಾವ ನ್ಯಾಯ? ಡಾಕ್ಟರ್ ಹೇಳಿದ, ಸೋಪಲ್ಲದ, ಪರಿಮಳವಿಲ್ಲದ ದ್ರವದಲ್ಲಿ ಕಾಗದ ಹಳದಿಯಾಗಿಯೇ ಉಳಿಯಿತು. ಅದನ್ನೂ ಕಂಕುಳು, ತೊಡೆಸಂದಿಗೆ ಮಾತ್ರ, ಅಂಗೈಯಲ್ಲಿ ಒಂದು ಬೊಟ್ಟಿನಷ್ಟು. ಉಳಿದ ಮೈಗೆ ನೀರೇ ಸಾಕು. ಹಾಲು ಕುಡಿದು ತೊಟ್ಟಿಲಲ್ಲಿ ಮಲಗುವ ಜೀವಕ್ಕೆ ಯಾವ ಮಹಾ ಕೊಳೆ?

ಇನ್ನು ನೀರು. ಬೋರ್‌ವೆಲ್ ನೀರು ಒಂದು ಬಾಟಲಿ, ನಲ್ಲಿ ನೀರು ಒಂದು ಬಾಟಲಿ. ಎರಡಕ್ಕೂ ಸಮನಾಗಿ ಸೋಪಿನ ತುರಿ ಹಾಕಿ ಕುಲುಕಿದೆ. ನಲ್ಲಿಯದರಲ್ಲಿ ನೊರೆ ಎದ್ದು ನಿಂತಿತು. ಬೋರ್‌ವೆಲ್ಲಿನದು ಒಡೆದ ಹಾಲಿನಂತೆ ಬಿಳಿಯ ಚೂರುಗಳಾಗಿ ತೇಲಿತು. ಕ್ಯಾಲ್ಸಿಯಂ, ಮೆಗ್ನೀಸಿಯಂ ಸೋಪನ್ನು ಹಿಡಿದು ಮಾಡುವ ಈ ಗಸಿ ಚರ್ಮಕ್ಕೂ ಅಂಟುತ್ತದೆ. ಆದರೆ ನನ್ನ ಅನುಮಾನವನ್ನು ತೀರ್ಪು ಮಾಡುವಂತಿಲ್ಲ. ಇಂಗ್ಲೆಂಡಿನಲ್ಲಿ ಇಸುಬಿರುವ 336 ಮಕ್ಕಳ ಮೇಲೆ, ಅರ್ಧದಷ್ಟು ಮನೆಗಳಿಗೆ ನೀರಿನ ಗಡಸು ತೆಗೆಯುವ ಯಂತ್ರ ಕೂಡಿಸಿ ನಡೆಸಿದ ಪ್ರಯೋಗದ ಫಲಿತಾಂಶ 2011ರಲ್ಲಿ ಬಂತು: ಯಂತ್ರದಿಂದ ಇಸುಬಿಗೆ ಹೆಚ್ಚಿನ ಪ್ರಯೋಜನವೇನೂ ಕಾಣಲಿಲ್ಲ. ಅದು ಆಗಲೇ ಇಸುಬು ಬಂದ ಮಕ್ಕಳ ಮಾತು, ನನ್ನ ಮಗಳದು ಬರೀ ಕೆರಳಿದ ಚರ್ಮ ಎಂದು ವಾದ ಹೂಡಬಹುದು. ಹೂಡಲಿಲ್ಲ. ಕುಂದವಾಡ ಕೆರೆ, ಟಿ.ವಿ. ಸ್ಟೇಷನ್ ಕೆರೆಗಳ ಕಡೆಯಿಂದ ನಮ್ಮ ಬೀದಿಗೆ ನಲ್ಲಿ ನೀರು ಬಂದಾಗ ಎರಡು ಕೊಡ ಮಗಳಿಗೆಂದು ಮುಚ್ಚಿಡುತ್ತೇನೆ, ಖರ್ಚೇನೂ ಇಲ್ಲ. ನೀರು ಬಾರದ ವಾರ ಬೋರ್‌ವೆಲ್ ನೀರನ್ನೇ ಕುದಿಸಿ, ಆರಿಸಿ, ತಳದ ಬಿಳಿ ಪುಡಿ ಕಲಕದಂತೆ ಬಗ್ಗಿಸಿಕೊಳ್ಳುತ್ತೇವೆ. ಸೋಪು ಹಾಕದಿದ್ದರೆ ಗಸಿಯ ಪ್ರಶ್ನೆಯೂ ಏಳುವುದಿಲ್ಲ.

ಹೆಚ್ಚು ಗುಣ ಕೊಟ್ಟದ್ದು ನನ್ನ ಬಾಟಲಿಗಳಲ್ಲ, ಮಡಿಕೆ ಒಣಗಿಸುವ ಕೆಲಸ. ಅದನ್ನು ಅಜ್ಜಿಯೇ ಕಂಡುಕೊಂಡರು. ಡಾಕ್ಟರ್ ತೆಗೆದ ದಾರದ ಕಥೆ ಕೇಳಿ ಅವರಿಗೆ ಒಳಗೊಳಗೇ ಅವಮಾನವಾಗಿತ್ತೆಂದು ಕಾಣುತ್ತದೆ. ಮಗಳನ್ನು ಅಂಗಾತ ಮಲಗಿಸಿ ಭುಜದ ಕೆಳಗೆ ಅಂಗೈ ಕೊಟ್ಟು ತುಸು ಎತ್ತಿದರೆ ತಲೆ ಹಿಂದಕ್ಕೆ ವಾಲಿ ಕುತ್ತಿಗೆ ತಾನೇ ಬಿಚ್ಚಿಕೊಳ್ಳುತ್ತದೆ. ಆಗ ಅವ್ವನ ಹಳೆಯ ಹತ್ತಿ ಸೀರೆಯ ತುಂಡನ್ನು ಮಡಿಕೆಯ ಒಳಗಿಟ್ಟು ಒತ್ತಿ ಹಿಡಿಯುವುದು, ತಿಕ್ಕುವುದಿಲ್ಲ. ಕಿವಿಯ ಹಿಂದೆ, ಕಂಕುಳು, ಮುಷ್ಟಿಯೊಳಗೆ, ತೊಡೆಯ ಎರಡೆರಡು ಮಡಿಕೆ, ಎಲ್ಲ ಕಡೆಯೂ ಹೀಗೆಯೇ. ಬಟ್ಟೆಯ ತೇವ ನೋಡಿ ಇನ್ನೊಂದು ತುಂಡು ಕೇಳುತ್ತಿದ್ದರು. ಎರೆಯುವುದಕ್ಕಿಂತ ಒರೆಸುವುದಕ್ಕೆ ಹೆಚ್ಚು ಹೊತ್ತು ಹಿಡಿಯಿತು. ಪೌಡರನ್ನು ನಾನು ತಡೆಯುವ ಮೊದಲೇ ಅವರೇ ಪಕ್ಕಕ್ಕಿಟ್ಟರು, ‘ಇದೂ ಹಿಟ್ಟೇ ಅಲ್ಲವೇ’ ಎಂದು. ಅದರ ಧೂಳು ಕೂಸಿನ ಉಸಿರಿಗೂ ಒಳ್ಳೆಯದಲ್ಲ.

ಕುತ್ತಿಗೆ ಬೇಗ ಒಣಗಿತು. ಕಾಲಿನ ಒರಟು ನಿಧಾನವಾಗಿ ಇಳಿಯಿತು. ಏಪ್ರಿಲ್ ಬಿಸಿಲಿಗೆ ಕುಲಾವಿಯೊಳಗೆ ಬೆವರುಸಾಲೆ ಎದ್ದಾಗ ಕುಲಾವಿಯೂ ಪೆಟ್ಟಿಗೆ ಸೇರಿತು. ತೆಳು ಅಂಗಿ, ಫ್ಯಾನಿನ ಗಾಳಿ, ಸಂಜೆ ಒಮ್ಮೆ ಒದ್ದೆ ಬಟ್ಟೆಯಲ್ಲಿ ಒರೆಸಿದ್ದು, ಇಷ್ಟಕ್ಕೆ ಅದೂ ಹೋಯಿತು. ಕಾಲೇಜಿನ ಗೆಳತಿಯರು ಯಾವ ಕ್ರೀಮು ಎಂದು ಕೇಳುತ್ತಾರೆ, ಹುಟ್ಟಿದಾಗಿನಿಂದ ಹಚ್ಚಿದರೆ ಇಸುಬೇ ಬರುವುದಿಲ್ಲವಂತೆ ಎಂದೂ ಸೇರಿಸುತ್ತಾರೆ. ಬ್ರಿಟನ್ನಿನಲ್ಲಿ 1,300ಕ್ಕೂ ಹೆಚ್ಚು ಶಿಶುಗಳ ಮೇಲೆ ಅದನ್ನೇ ಪರೀಕ್ಷಿಸಿ 2020ರಲ್ಲಿ ಪ್ರಕಟಿಸಿದರು. ವರ್ಷವಿಡೀ ದಿನಾ ಹಚ್ಚಿದರೂ ಇಸುಬು ತಪ್ಪಲಿಲ್ಲ. ಒಣಗಿದ ಚರ್ಮಕ್ಕೆ ಕ್ರೀಮು ಹಿತ, ಅಷ್ಟೇ. ಕೀವು, ನೀರುಗುಳ್ಳೆ, ಜ್ವರ, ಹಾಲು ಬಿಟ್ಟು ಮಂಕಾಗುವುದು, ಇವುಗಳಲ್ಲಿ ಯಾವುದು ಕಂಡರೂ ಕ್ರೀಮು ಹುಡುಕುತ್ತಾ ಕೂರದೆ ಆಸ್ಪತ್ರೆಗೆ ಓಡಬೇಕು ಎಂದು ಡಾಕ್ಟರ್ ಹೇಳಿದ್ದನ್ನು ಮಾತ್ರ ಅವರಿಗೆಲ್ಲ ತಪ್ಪದೆ ಹೇಳುತ್ತೇನೆ.

ಅಜ್ಜಿ ಈಗ ಹರಿಹರದಲ್ಲಿ ಇನ್ನೊಬ್ಬ ಬಾಣಂತಿಯ ಮನೆಗೆ ಹೋಗುತ್ತಾರೆ. ಹೋದ ವಾರ ಅಲ್ಲಿಂದಲೇ ಫೋನ್ ಮಾಡಿಸಿದ್ದರು. ‘ಇವರು ಕಡಲೆಹಿಟ್ಟು ಬೇಕೇ ಬೇಕು ಎನ್ನುತ್ತಾರೆ ನನ್ನವ್ವ, ನನ್ನ ಮಾತು ಕೇಳುವುದಿಲ್ಲ. ನಿನ್ನ ಡಾಕ್ಟರ್ ಹೇಳಿದ್ದನ್ನು ಒಂದು ಸಲ ಇವರ ಕಿವಿಗೆ ಹಾಕು’ ಎಂದು ಫೋನನ್ನು ಆ ಮನೆಯ ಹಿರಿಯರಿಗೆ ಕೊಟ್ಟರು. ನಾನು ನೀರಿನ ಬಿಸಿಯಿಂದ ಹಿಡಿದು ಮಡಿಕೆ ಒರೆಸುವವರೆಗೆ ಹೇಳಿದೆ. ಆ ಕಡೆಯವರು ತಾಳ್ಮೆಯಿಂದ ಕೇಳಿಸಿಕೊಂಡು, ಕೊನೆಗೆ ಒಂದೇ ಪ್ರಶ್ನೆ ಕೇಳಿದರು: ‘ಸಾಂಬ್ರಾಣಿಯನ್ನಾದರೂ ಹಾಕಬಹುದಲ್ಲವೇ?’